ಕೂಸು ಎತ್ತಿಕೊಳ್ಳೋ ಅಂಗಿ

ಕಳೆದ ಸಲ ಈಸ್ಟರ್ ಹಬ್ಬ ಮುಗಿದು ಎರಡನೇ ವಾರ. ದಾವಣಗೆರೆಯಲ್ಲಿ ಆಗಲೇ ಬಿಸಿಲು ಚುರುಗುಟ್ಟುತ್ತಿತ್ತು. ಮೂರನೇ ಕ್ಲಾಸಿನಿಂದ ನನ್ನ ಜೊತೆ ಓದಿದ ಗೆಳೆಯನ ಮಗನಿಗೆ ಆ ಭಾನುವಾರ ಚರ್ಚಿನಲ್ಲಿ ಜ್ಞಾನಸ್ನಾನ, ಅಂದರೆ ನೀರು ಹಾಕಿ ಕೂಸನ್ನು ಕ್ರೈಸ್ತ ಸಭೆಗೆ ಸೇರಿಸಿಕೊಳ್ಳೋ ಶಾಸ್ತ್ರ. ಮದುವೆಯಾಗಿ ಒಂಬತ್ತು ವರ್ಷಕ್ಕೆ ಹುಟ್ಟಿದ ಕೂಸು ಅದು. ಕಾರ್ಡು ಕೊಡೋಕೆ ಮನೆಗೇ ಬಂದಿದ್ದ. "ಊಟದ ಹೊತ್ತಿಗೆ ಬರೋದಲ್ಲಲೇ, ಪೂಜೆಗೇ ಬಂದಿರಬೇಕು ನೀನು" ಅಂತ ಎರಡೆರಡು ಸಲ ಹೇಳಿ ಹೋಗಿದ್ದ.

ಬೆಳಿಗ್ಗೆ ಮನೆಯಲ್ಲಿ ಸಡಗರ. ಹೆಂಡತಿ ಹಿಂದಿನ ದಿನವೇ ಮೊಳಕಾಲ್ಮುರು ಸೀರೆ ತೆಗೆದು ಗಾಳಿಗೆ ಹಾಕಿದ್ದಳು. ಮಗಳ ಲಂಗಕ್ಕೆ ಹೊಂದೋ ಬಳೆ ಹುಡುಕೋಕೆ ಒಂದು ಗಂಟೆ ಹೋಯಿತು. ಅಷ್ಟರಲ್ಲಿ ಮಂಡಿಪೇಟೆಯ ಅಂಗಡಿಗೆ ಲಾರಿ ಬಂದಿದೆ ಅಂತ ನನಗೆ ಫೋನು ಬಂತು. ಮೂಟೆ ಇಳಿಸಿಕೊಂಡು ಅಲ್ಲಿಂದ ನೇರ ಚರ್ಚಿಗೇ ಬರ್ತೀನಿ ಅಂದೆ. ಮೈಮೇಲಿದ್ದದ್ದು ಬೂದು ಬಣ್ಣದ ಟೀ ಶರ್ಟು, ಎದೆ ಮೇಲೆ ದಪ್ಪಕ್ಷರದಲ್ಲಿ ಏನೋ ಇಂಗ್ಲಿಷ್ ಸಾಲು, ಕೆಳಗೆ ಜೀನ್ಸ್. "ಇದನ್ನೇ ಹಾಕ್ಕೊಂಡು ಬರ್ತೀರಾ?" ಅಂತ ಅವಳು ಬಾಗಿಲಲ್ಲಿ ನಿಂತು ಕೇಳಿದಳು. "ಗಂಡಸರನ್ನ ಯಾರು ನೋಡ್ತಾರೆ ಬಿಡು" ಅಂದೆ.

ಪೂಜೆ ಮುಗಿದು ಎಲ್ಲರೂ ಚರ್ಚಿನ ಮೆಟ್ಟಿಲ ಮೇಲೆ ಫೋಟೋಕ್ಕೆ ನಿಂತಾಗ ಗೆಳೆಯ ನನ್ನನ್ನು ಕೈ ಹಿಡಿದು ಮುಂದೆ ಎಳೆದ. "ನಿನ್ನ ಕೈಯಾಗೆ ಕೊಡ್ತೀನಿ, ತಗೋ" ಅಂತ ಕೂಸನ್ನು ಚಾಚಿದ. ಬಿಳಿ ಗೌನು ಹಾಕಿದ್ದ ಕೂಸು, ನೆತ್ತಿ ಮೇಲೆ ಇನ್ನೂ ಎಣ್ಣೆಯ ಪಸೆ. ನಾನು ಕೈ ನೀಡಿದೆ. ಅಷ್ಟರಲ್ಲಿ ಅವರಮ್ಮ, ನನಗೆ ಹೈಸ್ಕೂಲು ಮುಗಿಯೋವರೆಗೂ ಕ್ರಿಸ್‌ಮಸ್ಸಿಗೆ ಕುಸ್ವಾರ್ ತಿಂಡಿ ಕಟ್ಟಿ ಕೊಟ್ಟವರು, "ಇರಪ್ಪಾ, ಒಂದು ನಿಮಿಷ" ಅಂದರು. ಬ್ಯಾಗಿನಿಂದ ಒಗೆದು ಮಡಿಚಿದ ಟವೆಲ್ ತೆಗೆದು ನನ್ನ ಭುಜದಿಂದ ಎದೆವರೆಗೂ ಹಾಸಿದರು. ಅಂಚು ಸರಿ ಮಾಡಿದರು. ಆಮೇಲೆ ಕೂಸನ್ನು ತಮ್ಮ ಕೈಯಿಂದಲೇ ಅದರ ಮೇಲೆ ಮಲಗಿಸಿದರು. ಅವರ ಮುಖದಲ್ಲಿ ಬೇಜಾರಿರಲಿಲ್ಲ. ಮೂಟೆಯ ಧೂಳು ಬಿಳಿ ಬಟ್ಟೆಗೆ ಹತ್ತಬಾರದು ಅನ್ನೋದಷ್ಟೇ ಅವರಿಗೆ ಬೇಕಿದ್ದದ್ದು. ಆ ಫೋಟೋ ನನ್ನ ಫೋನಿನಲ್ಲಿದೆ. ಅದರಲ್ಲಿ ಕೂಸಿಗೂ ನನಗೂ ನಡುವೆ ಒಂದು ಹಸಿರು ಗೆರೆಯ ಟವೆಲ್ ಇದೆ. ಒಂದು ವರ್ಷವಾಗುತ್ತಾ ಬಂತು, ಅದನ್ನು ನೋಡಿದಾಗಲೆಲ್ಲ ಮನಸ್ಸು ಅಲ್ಲೇ ನಿಲ್ಲುತ್ತದೆ.

ಪಡಸಾಲೆಯ ಗಂಡಸರು

ಹಾಗ್ಯಾಕೆ ಹೋದೆ ಅಂತ ಬಹಳ ಯೋಚನೆ ಮಾಡಿದ್ದೇನೆ. ಗೆಳೆಯನ ಮೇಲೆ ಪ್ರೀತಿ ಕಮ್ಮಿ ಇರಲಿಲ್ಲ. ಬೀರುವಿನಲ್ಲಿ ಒಳ್ಳೆ ಅಂಗಿಗೆ ಬರವೂ ಇರಲಿಲ್ಲ. ನನಗನಿಸೋದು, ಇದು ನಮ್ಮ ಮನೆಗಳ ತೊಟ್ಟಿಲ ಶಾಸ್ತ್ರದಿಂದ ಬಂದ ರೂಢಿ. ನಮ್ಮ ಕಡೆ ಕೂಸಿಗೆ ಹೆಸರಿಡುವ ದಿನ ನೆನಪು ಮಾಡಿಕೊಳ್ಳಿ. ಒಳಗೆ ತೊಟ್ಟಿಲ ಸುತ್ತ ಹೆಂಗಸರು. ಸೋದರತ್ತೆ ಬಗ್ಗಿ ಕಿವಿಯಲ್ಲಿ ಹೆಸರು ಹೇಳಬೇಕು, ಉಳಿದವರು ಅವಳ ಬೆನ್ನಿಗೆ ಗುದ್ದಬೇಕು, ನಗು, ಜೋಗುಳ, ಸಕ್ಕರೆ. ಲಿಂಗಾಯತರ ಮನೆಯಾದರೆ ಅಯ್ಯನವರು ಬಂದು ಕೂಸಿಗೆ ಲಿಂಗ ಕಟ್ಟುತ್ತಾರೆ. ಮಿಕ್ಕ ಗಂಡಸರೆಲ್ಲ ಪಡಸಾಲೆಯಲ್ಲೋ ಶಾಮಿಯಾನದ ಕೆಳಗೋ ಕೂತು ಮೆಕ್ಕೆಜೋಳದ ರೇಟು, ಚನ್ನಗಿರಿ ಕಡೆಯ ಅಡಿಕೆ ರೇಟು ಮಾತಾಡುತ್ತಿರುತ್ತಾರೆ. ಊಟಕ್ಕೆ ಕರೆದಾಗ ಏಳುತ್ತಾರೆ. ಮುಯ್ಯಿ ಕೊಡುತ್ತಾರೆ. ಎಷ್ಟೋ ಸಲ ಕೂಸಿನ ಮುಖವನ್ನೂ ನೋಡದೆ ಬಂದಿದ್ದೇನೆ ನಾನು. ಅಪ್ಪನಾದವನಿಗೂ ಅಡಿಗೆಯವರ ಹಿಂದೆ, ಕುರ್ಚಿಯ ಹಿಂದೆ ಓಡೋದೇ ಕೆಲಸ. ಅಂಥ ಜಾಗದಲ್ಲಿ ಗಂಡಸು ಏನು ಹಾಕಿದ್ದಾನೆ ಅಂತ ನಿಜವಾಗಿಯೂ ಯಾರೂ ನೋಡೋದಿಲ್ಲ. ಯಾಕೆಂದರೆ ಅವನು ಅಲ್ಲಿ ಇಲ್ಲ.

ಚರ್ಚಿನಲ್ಲಿ ಹಾಗಲ್ಲ. ಅವತ್ತು ನಾನು ಮೂರನೇ ಬೆಂಚಿನಲ್ಲಿ ಕೂತು ನೋಡಿದೆ. ಮೊದಲಿಗೆ ಬಾಗಿಲ ಹತ್ತಿರವೇ ಫಾದರ್ ಕೇಳಿದರು, ಈ ಮಗುವಿಗೆ ಏನು ಹೆಸರು ಇಡುತ್ತೀರಿ ಅಂತ. ಅಪ್ಪ ಅಮ್ಮ ಇಬ್ಬರೂ ಬಾಯಿ ಬಿಟ್ಟು ಹೇಳಬೇಕು. ಆಮೇಲೆ ಫಾದರ್ ಹಣೆ ಮೇಲೆ ಶಿಲುಬೆಯ ಗುರುತು ಹಾಕಿದರು. ಅವರ ಹಿಂದೆ ಅಪ್ಪ, ಅಮ್ಮ, ಕೂಸಿನ ನಂಬಿಕೆಗೆ ಹೊಣೆ ನಿಲ್ಲೋ ಜ್ಞಾನ ತಂದೆ, ಜ್ಞಾನ ತಾಯಿ ಒಬ್ಬೊಬ್ಬರಾಗಿ ಹೆಬ್ಬೆರಳಿನಿಂದ ಹಾಕಿದರು. ಕೂಸಿನ ಎದೆಗೆ ಎಣ್ಣೆ. ಕೂಸಿನ ಪರವಾಗಿ ದೊಡ್ಡವರು ನಿಂತು ಪ್ರಮಾಣ ಮಾಡಿದರು. ನೀರು ಹಾಕುವ ಮುಂಚೆ ನನ್ನ ಗೆಳೆಯ ತೋಳಿನ ಗುಂಡಿ ಬಿಚ್ಚಿ ಎರಡು ಮಡಿಕೆ ಮೇಲೆ ಮಡಿಚಿದ. ಗಡಿಯಾರ ಬಿಚ್ಚಿ ಜೇಬಿಗೆ ಹಾಕಿದ. ಕೂಸಿನ ತಲೆಯನ್ನು ಅಂಗೈಯಲ್ಲಿ ಹಿಡಿದು ನೀರಿನ ಬೋಗುಣಿಯ ಮೇಲೆ ಬಾಗಿಸಿದ. ಫಾದರ್ ಮೂರು ಸಲ ನೀರು ಹಾಕಿದರು. ಮೂರನೆಯದಕ್ಕೆ ಕೂಸು ಕಿರ್ರೆಂದು ಅತ್ತಿತು. ಅವನು ಅದನ್ನು ಎದೆಗೆ ಒತ್ತಿಕೊಂಡ. ಅವನ ಬಿಳಿ ಅಂಗಿಯ ಎದೆಭಾಗ ಒದ್ದೆಯಾಗಿ ಒಳಗಿನ ಬನಿಯನ್ ಕಾಣುತ್ತಿತ್ತು. ಅವನಿಗೆ ಅದರ ಪರಿವೆಯೇ ಇರಲಿಲ್ಲ.

ಜ್ಞಾನ ತಂದೆ ಆಗಿದ್ದವನು ಗೆಳೆಯನ ಹೆಂಡತಿಯ ತಮ್ಮ, ಹರಿಹರದ ಹುಡುಗ. ನಾನು ಆ ಜಾಗಕ್ಕೆ ನಿಲ್ಲೋ ಹಾಗಿಲ್ಲ. ಕಥೋಲಿಕ ಸಭೆಯ 1983ರ ಕಾನೂನಿನ ಪ್ರಕಾರ ಜ್ಞಾನ ತಂದೆ ಆಗೋವನಿಗೆ 16 ವರ್ಷ ತುಂಬಿರಬೇಕು, ಅವನೂ ಕಥೋಲಿಕನೇ ಆಗಿರಬೇಕು, ದೃಢೀಕರಣ ಅನ್ನೋ ಸಂಸ್ಕಾರವೂ ಆಗಿರಬೇಕು. ಈಸ್ಟರ್ ರಾತ್ರಿ ಹಚ್ಚಿದ ದೊಡ್ಡ ಮೇಣದಬತ್ತಿಯಿಂದ ಚಿಕ್ಕ ಬತ್ತಿ ಹಚ್ಚಿಕೊಂಡು ಅವನು ಕೂಸಿನ ಪಕ್ಕ ಹಿಡಿದು ನಿಂತ. ಗಾಳಿಗೆ ಆರದಂತೆ ಇನ್ನೊಂದು ಕೈ ಅಡ್ಡ ಹಿಡಿದಿದ್ದ. ಇಷ್ಟು ಹೊತ್ತೂ ಗಂಡಸರ ಕೈ, ಗಂಡಸರ ಎದೆ, ಗಂಡಸರ ಬಾಯಿ ಕೆಲಸ ಮಾಡುತ್ತಲೇ ಇದ್ದವು. "ಗಂಡಸರನ್ನ ಯಾರು ನೋಡ್ತಾರೆ" ಅಂದವನು ಮೂರನೇ ಬೆಂಚಿನಲ್ಲಿ ಕೂತಿದ್ದ.

ಬಟ್ಟೆ ತೊಡಿಸೋದೇ ಶಾಸ್ತ್ರ

ಇನ್ನೊಂದು ವಿಷಯ ನನಗೆ ಅವತ್ತೇ ಹೊಳೆಯಬೇಕಿತ್ತು. ಜ್ಞಾನಸ್ನಾನದಲ್ಲಿ ಬಟ್ಟೆ ಅಲಂಕಾರಕ್ಕೆ ಬಂದದ್ದಲ್ಲ, ಅದು ವಿಧಿಯ ಒಂದು ಭಾಗ. ನೀರು ಆಗಿ, ನೆತ್ತಿಗೆ ಪರಿಮಳದ ಎಣ್ಣೆ ಹಚ್ಚಿದ ಮೇಲೆ ಕೂಸಿನ ಮೇಲೆ ಬಿಳಿ ಬಟ್ಟೆ ಹಾಕುತ್ತಾರೆ. ಸಂತ ಪೌಲ ಗಲಾತ್ಯದವರಿಗೆ ಬರೆದ ಪತ್ರದಲ್ಲಿ ಜ್ಞಾನಸ್ನಾನ ಪಡೆದವರು ಕ್ರಿಸ್ತನನ್ನೇ ತೊಟ್ಟುಕೊಂಡ ಹಾಗೆ ಅನ್ನೋ ಮಾತಿದೆ. ಆ ಮಾತನ್ನೇ ಇಲ್ಲಿ ಬಟ್ಟೆಯಲ್ಲಿ ಮಾಡಿ ತೋರಿಸುತ್ತಾರೆ. ಮೊದಮೊದಲ ಶತಮಾನಗಳಲ್ಲಿ ದೊಡ್ಡವರೇ ಜಾಸ್ತಿ ಜ್ಞಾನಸ್ನಾನ ಪಡೆಯುತ್ತಿದ್ದರು. ಈಸ್ಟರ್ ರಾತ್ರಿ ಬಿಳಿ ಬಟ್ಟೆ ತೊಟ್ಟವರು ವಾರಪೂರ್ತಿ ಅದನ್ನು ತೊಟ್ಟುಕೊಂಡೇ ಚರ್ಚಿಗೆ ಬರುತ್ತಿದ್ದರಂತೆ. ಗಂಡಸರು, ಕೂಲಿ ಮಾಡುವವರು, ಸಿಪಾಯಿಗಳು ಎಲ್ಲರೂ. ಅದಕ್ಕೇ ಈಸ್ಟರ್ ನಂತರದ ಭಾನುವಾರಕ್ಕೆ ಲ್ಯಾಟಿನ್ ಭಾಷೆಯಲ್ಲಿ ಬಿಳಿ ಬಟ್ಟೆಯ ಹೆಸರೇ ಬಿದ್ದಿತ್ತು.

ಗೆಳೆಯನ ಮನೆಯ ಗೌನಿಗೂ ಒಂದು ಕಥೆ ಇದೆ. ಅದನ್ನು ಹೊಲಿದದ್ದು ಅವನ ಅಜ್ಜಿ, ನಮ್ಮೂರ ಮಿಲ್ಲಿನ ಬಿಳಿ ಬಟ್ಟೆಯಲ್ಲಿ. ಅವರ ಮನೆಯಲ್ಲಿ ಗಂಡು ಹೆಣ್ಣು ಅನ್ನದೆ ಹುಟ್ಟಿದ ಎಲ್ಲರಿಗೂ ಅದೇ. ಕುತ್ತಿಗೆ ಹತ್ತಿರ ಎಣ್ಣೆ ಹಚ್ಚೋಕೆ ಅಂತ ಎರಡು ಕಸೆ ಇವೆ, ಬಿಚ್ಚಿ ಕಟ್ಟಿ ಬಿಚ್ಚಿ ಕಟ್ಟಿ ಮೆತ್ತಗಾಗಿವೆ. ಎದೆಯ ಮೇಲೆ ಹಳೆಯ ಎಣ್ಣೆ ಕಲೆ, ಒಗೆದರೂ ಹೋಗದ್ದು, ಕಾಸಗಲ ಇದೆ. ಅದು ಅವನದೋ ಅವನ ತಮ್ಮನದೋ ಗೊತ್ತಿಲ್ಲ. ಇಂಗ್ಲೆಂಡಿನ ರಾಜಮನೆತನದಲ್ಲೂ ಹೀಗೆ ಒಂದೇ ಗೌನು ನಡೆದು ಬಂತು. 1841ರಲ್ಲಿ ವಿಕ್ಟೋರಿಯಾ ರಾಣಿಯ ಮೊದಲ ಮಗಳಿಗೆ ಹಾಕಿದ್ದು, ತೀರಾ ಹಳತಾಯಿತು ಅಂತ 2008ರಿಂದ ಅದರಂತೆಯೇ ಹೊಲಿದ ಇನ್ನೊಂದನ್ನು ಹಾಕುತ್ತಾರೆ. ನನಗೆ ದಾವಣಗೆರೆ ಮಿಲ್ಲಿನ ಬಟ್ಟೆಯ ಗೌನೇ ಹೆಚ್ಚು. ಆ ಬಟ್ಟೆ ನೇಯ್ದವರಲ್ಲಿ ನಮ್ಮ ದೊಡ್ಡಪ್ಪನೂ ಒಬ್ಬರಿರಬಹುದು.

ದೊಡ್ಡಪ್ಪನ ರುಮಾಲು

ದೊಡ್ಡಪ್ಪ ಮತ್ತು ಗೆಳೆಯನ ಅಪ್ಪ ಮಿಲ್ಲಿನಲ್ಲಿ ಒಂದೇ ಪಾಳಿಯವರು. ಗೆಳೆಯನ ತಮ್ಮನಿಗೆ ಜ್ಞಾನಸ್ನಾನ ಆದಾಗ ನನಗೆ ಒಂಬತ್ತೋ ಹತ್ತೋ. ದೊಡ್ಡಪ್ಪ ನನ್ನನ್ನೂ ಕರೆದುಕೊಂಡು ಹೋದರು. ಅವತ್ತು ರಾತ್ರಿ ಪಾಳಿ ಮುಗಿಸಿ ಬಂದಿದ್ದರು, ಕಣ್ಣು ಕೆಂಪಾಗಿತ್ತು. ಆದರೂ ತಲೆ ಮೇಲೆ ಎರಡು ತಂಬಿಗೆ ನೀರು ಹೊಯ್ದುಕೊಂಡು, ವಿಭೂತಿ ಹಚ್ಚಿ, ಪೆಟ್ಟಿಗೆಯಿಂದ ಎಂಟು ಮೊಳದ ಪಂಚೆ ತೆಗೆದು ಕಚ್ಚೆ ಹಾಕಿ ಉಟ್ಟರು. ಬಿಳಿ ಅಂಗಿ. ಆಮೇಲೆ ಗೋಡೆಯ ಸಣ್ಣ ಕನ್ನಡಿಯ ಮುಂದೆ ನಿಂತು ಬಿಳಿ ರುಮಾಲು ಸುತ್ತಿದರು. ಒಂದು ತುದಿ ನಾನು ಹಿಡಿದುಕೊಂಡಿದ್ದೆ. ಬಟ್ಟೆ ಬಿಗಿಯಾಗಿ ಹಿಡಿ ಅಂತ ಅವರು ಹೇಳುತ್ತಿದ್ದದ್ದು, ನಾನು ಹೆಜ್ಜೆ ಹೆಜ್ಜೆ ಮುಂದೆ ಬರುತ್ತಾ ಹೋದದ್ದು ನೆನಪಿದೆ.

ಚರ್ಚಿನ ಬಾಗಿಲಿಗೆ ಹೋದಾಗ ಅವರು ಗಕ್ಕನೆ ನಿಂತರು. ಒಳಗೆ ಹೆಂಗಸರೆಲ್ಲ ತಲೆ ತುಂಬ ಸೆರಗು ಹೊದ್ದಿದ್ದಾರೆ, ಗಂಡಸರೆಲ್ಲ ಬರಿದಲೆ. ನಮ್ಮಲ್ಲಿ ಹಿರಿಯರು ಬರಿದಲೆಯಲ್ಲಿ ಹೊರಗೆ ಬರುವುದು ಸಾವಿನ ಮನೆಯಲ್ಲಿ. ಶುಭ ಕಾರ್ಯಕ್ಕೆ ತಲೆ ಮುಚ್ಚಿರಬೇಕು. ರುಮಾಲು ತೆಗೆಯೋದು ಅಂದರೆ ಮಾನ ತೆಗೆದಿಟ್ಟ ಹಾಗೆ. ಕ್ರೈಸ್ತರಲ್ಲಿ ಅದು ತಿರುಗುಮುರುಗು. ಗಂಡಸು ಪ್ರಾರ್ಥನೆಗೆ ನಿಂತಾಗ ತಲೆ ಮುಚ್ಚಬಾರದು ಅಂತ ಪೌಲನೇ ಕೊರಿಂಥದವರಿಗೆ ಬರೆದ ಮೊದಲ ಪತ್ರದಲ್ಲಿ ಹೇಳಿದ್ದಾನೆ. ದೊಡ್ಡಪ್ಪನಿಗೆ ಅದೆಲ್ಲ ಏನು ಗೊತ್ತು? ಬಾಗಿಲಲ್ಲಿ ನಿಂತಿದ್ದ ಗೆಳೆಯನ ಅಜ್ಜನನ್ನು ಕೇಳಿದರು.

"ತೆಗೀಬೇಕೇನ್ರೀ ಯಜಮಾನ್ರೇ?"

ಅಜ್ಜ ಅವರ ಕೈ ಹಿಡಿದುಕೊಂಡು, "ನಿಮ್ ತಲಿಮ್ಯಾಲಿಂದು ತೆಗೀರಿ ಅಂತ ನಾ ಹೆಂಗ್ ಹೇಳ್ಲಿ? ಹಂಗೇ ಬರ್ರಿ" ಅಂದರು.

ದೊಡ್ಡಪ್ಪ ಸ್ವಲ್ಪ ಹೊತ್ತು ಒಳಗೆ ನೋಡಿದರು. ಆಮೇಲೆ ಎರಡೂ ಕೈಯಿಂದ ರುಮಾಲನ್ನು ಸುತ್ತು ಬಿಚ್ಚದ ಹಾಗೆ ಎತ್ತಿ, ತುಂಬಿದ ಕೊಡ ಹಿಡಿದವರಂತೆ ಹಿಡಿದುಕೊಂಡು ಒಳಗೆ ನಡೆದರು. ಅವರ ಬರಿದಲೆ ನಾನು ಹೊರಗೆ ನೋಡಿದ್ದು ಅದೇ ಮೊದಲು. ಹಣೆಯ ಮೇಲೆ ರುಮಾಲು ಒತ್ತಿದ ಗೆರೆ ಇತ್ತು, ಅದರ ಕೆಳಗೆ ವಿಭೂತಿ. ಅದನ್ನು ಅಳಿಸಿ ಅಂತ ಯಾರೂ ಅನ್ನಲಿಲ್ಲ. ಆ ಕಾಲದಲ್ಲಿ ಚರ್ಚಿನಲ್ಲಿ ಅರ್ಧ ಬೆಂಚು, ಅರ್ಧ ಜಮಖಾನ. ದೊಡ್ಡಪ್ಪ ಜಮಖಾನದ ಮೇಲೆ ಕೂತು ರುಮಾಲನ್ನು ತೊಡೆ ಮೇಲೆ ಇಟ್ಟುಕೊಂಡರು. ಪೂಜೆ ಮುಗಿಯೋವರೆಗೂ ಎರಡೂ ಕೈ ಅದರ ಮೇಲೇ ಇದ್ದವು.

ಮುಗಿದ ಮೇಲೆ ಗೆಳೆಯನ ಅಮ್ಮ ಕೂಸನ್ನು ತಂದು ಅವರ ಮುಂದೆ ಹಿಡಿದರು. ದೊಡ್ಡಪ್ಪ ಒಂದು ಸಲ ತಮ್ಮ ಕೈ ನೋಡಿಕೊಂಡರು. ಮಿಲ್ಲಿನ ಕೈ, ಎಷ್ಟು ತೊಳೆದರೂ ಉಗುರಿನ ಸಂದಿಯಲ್ಲಿ ಎಣ್ಣೆಮಸಿ. ಏನೂ ಮಾತಾಡದೆ ರುಮಾಲಿನ ಸುತ್ತು ಬಿಚ್ಚಿದರು. ಬಿಚ್ಚಿದ ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ ತೊಡೆ ಮೇಲೆ, ತೋಳ ಮೇಲೆ ಹಾಸಿದರು. ಆಮೇಲೆ "ಕೊಡವ್ವ" ಅಂದರು. ಆ ಬಿಳಿ ಗೌನಿನ ಕೂಸು ಆ ಬಿಳಿ ರುಮಾಲಿನ ಮೇಲೆ ಬಹಳ ಹೊತ್ತು ಮಲಗಿತ್ತು.

ನನ್ನ ಭುಜಕ್ಕೆ ಟವೆಲ್ ಹಾಸಿದವರು ಅದೇ ಅಮ್ಮ. ಅವರಿಗೆ ಅವತ್ತಿನ ರುಮಾಲು ನೆನಪಿತ್ತೋ ಇಲ್ಲವೋ, ಕೇಳುವ ಧೈರ್ಯ ನನಗೆ ಇನ್ನೂ ಬಂದಿಲ್ಲ. ದೊಡ್ಡಪ್ಪ ತಾವೇ ಯೋಚನೆ ಮಾಡಿ ಮಾಡಿದ್ದನ್ನು ನನಗೋಸ್ಕರ ಅವರು ಮಾಡಬೇಕಾಯಿತು.

ಹಾಗಾದ್ರೆ ಏನು ಹಾಕೋದು?

ಈ ಬಗ್ಗೆ ನಮ್ಮ ಹುಡುಗರು ಆಗಾಗ ಕೇಳುತ್ತಾರೆ. ಆಫೀಸಿನ ಗೆಳೆಯ ಕರೆದಿದ್ದಾನೆ ಅಣ್ಣ, ಚರ್ಚಿಗೆ ಕೋಟು ಹಾಕ್ಕೊಂಡೇ ಹೋಗಬೇಕಾ ಅಂತ. ಬೇಡ. ಕೋಟು ಕೂಸಿನ ಅಪ್ಪನಿಗೆ, ಜ್ಞಾನ ತಂದೆಗೆ ಇಷ್ಟವಿದ್ದರೆ ಇರಲಿ. ಈಸ್ಟರ್ ಬರೋದೇ ಮಾರ್ಚ್ ಕೊನೆ, ಏಪ್ರಿಲ್‌ನಲ್ಲಿ. ನಮ್ಮೂರ ಆ ಬಿಸಿಲಿಗೆ ಕೋಟಿನೊಳಗೆ ಬೆವರಿ ಕೂತವನಿಗೆ ಮನಸ್ಸು ಪೂಜೆಯ ಮೇಲೆ ನಿಲ್ಲೋದಿಲ್ಲ. ತಿಳಿ ಬಣ್ಣದ ಹತ್ತಿ ಅಂಗಿ, ತುಂಬು ತೋಳಿನದು, ಇಸ್ತ್ರಿ ಮಾಡಿದ್ದು, ಒಂದು ನೆಟ್ಟಗಿನ ಪ್ಯಾಂಟು. ಪಂಚೆ ಉಡುವ ರೂಢಿ ಇದ್ದರೆ ಪಂಚೆಯಷ್ಟು ಚಂದದ್ದು ಇನ್ನೊಂದಿಲ್ಲ. ಸೆಪ್ಟೆಂಬರ್ 8ಕ್ಕೆ ಹರಿಹರದ ಆರೋಗ್ಯ ಮಾತೆಯ ಹಬ್ಬಕ್ಕೆ ಹೋಗಿ ನೋಡಿ, ಪಂಚೆಯ ಹಿರಿಯರು ಎಷ್ಟು ಜನ ಸಿಗುತ್ತಾರೆ ಅಂತ. ಅದು ಅನ್ಯ ಜಾಗ, ನಮ್ಮ ಉಡುಪು ಅಲ್ಲಿಗೆ ಆಗೋದಿಲ್ಲ ಅನ್ನೋ ಅಳುಕು ಯಾರಿಗೂ ಬೇಡ. 1969ರಲ್ಲಿ ರೋಮಿನಿಂದಲೇ ಭಾರತದ ಕಥೋಲಿಕರಿಗೆ ಒಪ್ಪಿಗೆ ಬಂದಿದೆ. ನೆಲದ ಮೇಲೆ ಕೂರಬಹುದು, ಚಪ್ಪಲಿ ಬಿಟ್ಟು ಬರಬಹುದು, ಕೈ ಮುಗಿಯಬಹುದು, ಎಣ್ಣೆಯ ದೀಪ ಹಚ್ಚಬಹುದು ಅಂತ. ಹಾಗಾಗಿ ಬಾಗಿಲಲ್ಲಿ ಚಪ್ಪಲಿಯ ಸಾಲು ಕಂಡರೆ ನೀವೂ ಬಿಡಿ. ಬೂಟು ಹಾಕೋರು ಆವತ್ತು ಒಗೆದ ಸಾಕ್ಸ್ ಹಾಕಿರಿ.

ತಲೆಯ ಮೇಲೆ ಕ್ಯಾಪ್, ಟೋಪಿ ಇದ್ದರೆ ಬಾಗಿಲಲ್ಲಿ ತೆಗೆಯಿರಿ. ರುಮಾಲಿನ ಹಿರಿಯರ ವಿಷಯ ಬೇರೆ, ಅದನ್ನು ಅವರ ಮನಸ್ಸಿಗೇ ಬಿಡಬೇಕು. ಹಣೆಯ ವಿಭೂತಿ, ಕೊರಳ ಲಿಂಗ, ಜನಿವಾರ ಯಾವುದನ್ನೂ ಮುಚ್ಚಿಡೋ ಅಗತ್ಯ ಇಲ್ಲ. ನಿಮ್ಮನ್ನು ಕರೆದವರು ನೀವು ಯಾರು ಅಂತ ತಿಳಿದೇ ಕರೆದಿರುತ್ತಾರೆ. ಕಪ್ಪು ಬಟ್ಟೆ ಬೇಡ ಅಂತ ಚರ್ಚು ಹೇಳೋದಿಲ್ಲ. ಆದರೆ ಫಾದರ್ ಬಿಳಿ, ಕೂಸು ಬಿಳಿ, ಬತ್ತಿ ಬಿಳಿ, ಅದರ ನಡುವೆ ನಾನು ಕಪ್ಪಂಗಿ ಹಾಕೋದಿಲ್ಲ. ಇನ್ನು ಮನೆಮಂದಿಯೆಲ್ಲ ಒಂದೇ ಬಣ್ಣದ ಹೊಳೆಯೋ ಜುಬ್ಬಾ ಹೊಲಿಸಿಕೊಂಡು ನಿಲ್ಲೋದು ಈಗ ಶುರುವಾಗಿದೆ. ನನಗೆ ಅದು ಸರಿ ಕಾಣೋದಿಲ್ಲ. ಫೋಟೋದಲ್ಲಿ ಕೂಸನ್ನೇ ಹುಡುಕಬೇಕಾಗುತ್ತದೆ.

ಆದರೆ ನಾನು ಮುಖ್ಯವಾಗಿ ಹೇಳಬೇಕಿರೋದು ಬಣ್ಣದ ಮಾತಲ್ಲ. ಕೂಸನ್ನು ನಿಮ್ಮ ಕೈಗೆ ಕೊಟ್ಟೇ ಕೊಡುತ್ತಾರೆ ಅಂತ ತಿಳಿದುಕೊಂಡು ಬಟ್ಟೆ ಹಾಕಿಕೊಳ್ಳಿ. ಎರಡು ಮೂರು ತಿಂಗಳ ಕೂಸಿನ ಕೆನ್ನೆ ನಿಮ್ಮ ಭುಜದ ಮೇಲೆ ಎಲ್ಲಿ ಬರುತ್ತೆ ಅಂತ ಒಂದು ಸಲ ಕೈ ಇಟ್ಟು ನೋಡಿಕೊಳ್ಳಿ. ಸರಿಯಾಗಿ ಕಾಲರಿನ ತುದಿಗೆ ಬರುತ್ತೆ. ಗಂಜಿ ಹಾಕಿದ ಕಾಲರು ಆ ಕೆನ್ನೆಗೆ ಗರಗಸ ಇದ್ದ ಹಾಗೆ. ಜರಿ ಅಂಚಿನ ಶಲ್ಯ ಕೂಡ ಹಾಗೇ, ಹಾಕಲೇಬೇಕು ಅಂದರೆ ಎಡಗಡೆ ಬೇಡ. ಎಡ ಜೇಬಿನ ಪೆನ್ನು ಕೂಸಿನ ಹೊಟ್ಟೆಗೆ ಒತ್ತುತ್ತದೆ. ಗಡಿಯಾರದ ಕೊಂಡಿ ಅದರ ತೊಡೆಗೆ ಸಿಕ್ಕುತ್ತದೆ. ಅಂಗಡಿಯಿಂದ ತಂದ ಹೊಸ ಅಂಗಿಯನ್ನು ಹಾಗೇ ಹಾಕಬೇಡಿ, ಎರಡು ಸಲ ಒಗೆಸಿ, ಮೆತ್ತಗಾಗಲಿ. ರೇಷ್ಮೆ ಅಂಗಿಗೆ ಎಣ್ಣೆ ಹತ್ತಿದರೆ ಹೋಗೋದಿಲ್ಲ, ಆ ಭಯಕ್ಕೆ ನೀವು ಕೂಸನ್ನು ದೂರ ಹಿಡಿಯುತ್ತೀರಿ, ಕೂಸಿಗೆ ಅದು ತಿಳಿಯುತ್ತದೆ. ಸೆಂಟು ಹೊಡೆದುಕೊಳ್ಳಬೇಡಿ. ಕೂಸಿನ ನೆತ್ತಿಗೆ ಹಚ್ಚೋದು ಪರಿಮಳ ಸೇರಿಸಿದ ಆಲಿವ್ ಎಣ್ಣೆ, ಈಸ್ಟರ್ ಮುಂಚಿನ ಪವಿತ್ರ ವಾರದಲ್ಲಿ ಬಿಷಪ್ಪರು ಮಂತ್ರಿಸಿ ಎಲ್ಲಾ ಚರ್ಚುಗಳಿಗೆ ಕಳಿಸಿದ್ದು. ಆ ದಿನ ಕೂಸನ್ನು ಎತ್ತಿಕೊಂಡರೆ ಅದರ ನೆತ್ತಿಯಿಂದ ಒಂದು ತೆಳು ಪರಿಮಳ ಬರುತ್ತದೆ. ಹಾಲಿನ ವಾಸನೆಯೂ ಅದೂ ಸೇರಿ. ನಾನು ಟವೆಲ್ ಮೇಲೆ ಎತ್ತಿಕೊಂಡಾಗಲೂ ಅದು ಬಂತು. ನಿಮ್ಮ ಸೆಂಟು, ಬಾಯೊಳಗಿನ ಗುಟ್ಕಾ ಅದರ ಮೇಲೆ ಬೀಳಬಾರದು.

ಮುಂದಿನ ಭಾನುವಾರ

ಅವತ್ತು ದೊಡ್ಡಪ್ಪನ ರುಮಾಲಿನ ಮೇಲೆ ಮಲಗಿದ್ದ ಕೂಸು ಈಗ ಬೆಂಗಳೂರಿನಲ್ಲಿ ಕೆಲಸದಲ್ಲಿದ್ದಾನೆ. ಅವನಿಗೆ ಹೆಣ್ಣು ಮಗು. ಜ್ಞಾನಸ್ನಾನ ನಮ್ಮೂರ ಚರ್ಚಿನಲ್ಲೇ ಆಗಬೇಕು ಅಂತ ಅವರಮ್ಮ ಹಟ ಹಿಡಿದಿದ್ದಾರೆ. ಮುಂದಿನ ಭಾನುವಾರ ಬೆಳಿಗ್ಗೆ, ಅದೇ ಗೌನು. ಮೊನ್ನೆ ಅವನೇ ಫೋನು ಮಾಡಿ, "ಅಣ್ಣಾ, ಬರಲೇಬೇಕು" ಅಂದ. ದೊಡ್ಡಪ್ಪ ಹೋಗಿ ಹನ್ನೊಂದು ವರ್ಷವಾಯಿತು. ಅವರ ಪೆಟ್ಟಿಗೆ ದೊಡ್ಡವ್ವನ ಹತ್ತಿರ ಇದೆ. ರುಮಾಲು ಅದರಲ್ಲಿ ಇದೆಯಾ ಅಂತ ಕೇಳಿದೆ. ಅರ್ಧ ಹರಿದು ಮೊಮ್ಮಕ್ಕಳಿಗೆ ಕೌದಿ ಮಾಡಿದೆ ಕಣೋ ಅಂದರು.

ಚೌಕಿಪೇಟೆಯಲ್ಲಿ ಒಂದು ಬಿಳಿ ಹತ್ತಿ ಅಂಗಿ ತಗೊಂಡೆ. ಆ ದಿನ ಲಾರಿ ಬಂದರೆ ನೋಡಿಕೊಳ್ಳೋಕೆ ಅಂಗಡಿ ಹುಡುಗನಿಗೆ ಹೇಳಿದ್ದೇನೆ. ಅಂಗಿ ಎರಡು ಸಲ ಒಗೆದಾಯಿತು. ನಿನ್ನೆ ಸಂಜೆ ಬೀದಿ ಕೊನೆಯ ಇಸ್ತ್ರಿ ಗಾಡಿಯವರಿಗೆ ಕೊಟ್ಟಾಗ ಅವರು ಬಟ್ಟೆ ಮುಟ್ಟಿ ನೋಡಿ, "ಹೊಸದು ಬಾಳ ಮೆತ್ತಗಾಗೈತಲ್ಲಣ್ಣ, ಗಂಜಿ ಹಾಕ್ಲಾ?" ಅಂದರು.

"ಬ್ಯಾಡಣ್ಣ" ಅಂದೆ. "ಕೂಸು ಎತ್ಕೋಬೇಕು."